ಕೆಂಪಿಗೆ ಇಪ್ಪತ್ತು ಹೆಚ್ಚು

ಹನ್ನೊಂದು ವರ್ಷ ಆದಮ್ಯಾಲೆ
ಬೆಟಗೇರಿ ಬಜಾರದಾಗ ಹೆಸರು ಹಿಡದು ಕರದ್ರು:
"ರಾಜೇಸಾಬ, ಬ್ರಷ್ ಅದಾವೇನೋ ಇನ್ನಾ?"

ಅದಾವ್ರೀ. ಅಟ್ಟದ ಮ್ಯಾಲೆ, ಡಾಲ್ಡಾ ಡಬ್ಬಿಯೊಳಗ,
ನಾಕನೇ ನಂಬರಿನಿಂದ ಹನ್ನೆರಡರ ತನಕ.
ಕೂದಲಾ ಉದುರ್ಯಾವು. ನನ್ನವೂ ಉದುರ್ಯಾವು.

ಟಾಕೀಸ್ ಕೆಡವಿದ ಜಾಗಾದಾಗ
ನಾಕು ಅಂತಸ್ತಿನ ಅಂಗಡಿ ಬರತೈತಂತ.
ತಾನ ಹತ್ತೋ ಮೆಟ್ಟಲಾ, ತಾನ ತೆರಿಯೋ ಗಾಜಿನ ಬಾಗಲಾ,
ಬಳ್ಳೊಳ್ಳಿ ಸುದ್ದಾ ಅಲ್ಲೆ
ಜಾಳಗಿ ಅಂಗಿ ತೊಟ್ಟು ಕುಂದರತಾವಂತ.
ಹೋರಾಟ ಸಮಿತಿ ಆಗೇತಿ. ಸೋಮವಾರ ಬಂದ್.
ಆರು ಬ್ಯಾನರ್ ಬೇಕು, ಕೋರಾ ಬಟ್ಟಿ ಮ್ಯಾಲೆ, ಕೈಲೆ ಬರದದ್ದು.

"ಫ್ಲೆಕ್ಸ್ ಮಾಡಸ್ರಲಾ, ಎರಡು ತಾಸಿನ್ಯಾಗ ಬರತಾವು," ಅಂದೆ.
ಯಾರೂ ನನ್ನ ಮಾರಿ ನೋಡಲಿಲ್ಲ.
ಫ್ಲೆಕ್ಸ್ ಅಂಗಡ್ಯಾಂವ
ಆ ಜಾಗಾದ ಮಾಲಕರ ಅಳಿಯ.

ಇವರ ಬೋರ್ಡ್ ಎಲ್ಲಾ ಬರದಾಂವ ನಾ.
ಬೆಲ್ಲದ ಬ್ರದರ್ಸ್, ಚಪ್ಪಲ್ ಅಂಗಡಿ.
ಮೆಣಸಿನಕಾಯಿಯವರ ಪಾತ್ರೆ ಭಂಡಾರ.
ಉಳ್ಳಾಗಡ್ಡಿಯವರ ಸೀರಿ ಅಂಗಡಿ,
ಅದರ ಒತ್ತಕ್ಷರಕ್ಕ ಜರಿ ಅಂಚು ಕೊಟ್ಟಿದ್ದೆ,
ಬಸ್ಸಿನ್ಯಾಗ ಕುಂತವ್ರು ಕತ್ತು ತಿರಿವಿ ನೋಡತಿದ್ರು.

ಫ್ಲೆಕ್ಸ್ ಬಂದ ವರ್ಷ
ಒಬ್ಬೊಬ್ಬರಾಗಿ ಏಣಿ ಹಚ್ಚಿ ನನ್ನ ಅಕ್ಷರಾ ಇಳಿಸಿದ್ರು.
ತಗಡು ಗುಜರಿಗೆ ಹೋತು, ಕಿಲೋಕ್ಕ ಹದಿನಾಕು ರೂಪಾಯಿ.
ಅವತ್ತು ಬೆಟಗೇರಿ ಬಂದ್ ಇರಲಿಲ್ಲ.
ಅವತ್ತು ವ್ಯಾಪಾರ ಚಲೋ ಆತಂತ ಕೇಳೇನಿ.

ಇದನ್ನೇನು ಬಾಯಿ ಬಿಟ್ಟು ಆಡಲಿಲ್ಲ.
"ಕೆಂಪು ಬಣ್ಣಕ್ಕ ಇಪ್ಪತ್ತು ಹೆಚ್ಚಾಗತೈತ್ರಿ," ಅಂದೆ,
ಅಷ್ಟ.

ಮನವಿ ಕೊಡಾಕ ಹೋದಾಗ ಒಂದು ಮಜಾ ಆತಂತ.
ಸಾಹೇಬರು ಮೈಸೂರ ಕಡೇದವ್ರು, ಬಂದು ಹದಿನೈದು ದಿನಾ.
ಕೆಳಗಿನ ಸಹಿ ಒಂದೊಂದ ಓದಿದ್ರಂತ:
ಉಪ್ಪಿನ, ಬೆಲ್ಲದ, ಅಕ್ಕಿ, ಸಕ್ರಿ, ಎಣ್ಣಿ,
ಮೆಣಸಿನಕಾಯಿ, ಉಳ್ಳಾಗಡ್ಡಿ...
"ಏನ್ರೀ ಇದು, ಮನವಿನೋ, ತಿಂಗಳ ಸಾಮಾನಿನ ಚೀಟಿನೋ?"
ಎಲ್ಲಾರೂ ನಕ್ರು.
ಸಮಿತಿ ಅಧ್ಯಕ್ಷರು ಒಬ್ಬರ ನಗಲಿಲ್ಲ.
ಅವರ ಅಡ್ಡಹೆಸರು ಅಂಗಡಿ.

ರಾತ್ರಿ ಪಡಸಾಲ್ಯಾಗ ಬಟ್ಟಿ ಹಾಸಿದೆ.
ಒಂದು ತುದಿ ನನ್ನ ಮಣಕಾಲ ಕೆಳಗ,
ಒಂದು ತುದಿ ಮಗಳು ಶಮೀಮಳ ಕೈಯಾಗ.
ಅಕಿ ಅರ್ಜಿ ಹಾಕ್ಯಾಳ ಅದ ಅಂಗಡಿಗೆ, ಬಿಲ್ಲಿನ ಕೌಂಟರಿಗೆ.
ಹನ್ನೊಂದು ಸಾವಿರ, ನೀಲಿ ಟೀ ಶರ್ಟ್,
ಒಂಬತ್ತು ತಾಸು ನಿಂತಿರಬೇಕು.
ನನಗೂ ಗೊತ್ತು, ನನಗ ಗೊತ್ತೈತಿ ಅಂತ ಅಕಿಗೂ ಗೊತ್ತು.
"ಅಬ್ಬಾ, 'ಧಿಕ್ಕಾರ'ಕ್ಕ ಒತ್ತು ಬಿಟ್ಟೀರಿ," ಅಂದ್ಲು.
ಒತ್ತು ಕೊಟ್ಟೆ.
ಬಟ್ಟಿ ಅಲಗದಂಗ ಹಿಡಕೊಂಡು ಕುಂತಿದ್ಲು
ಎರಡು ಬಡಿಯೂತನಾ.

ಎಷ್ಟ ದಿನದ ಮ್ಯಾಲೆ ಕೈ ನಡಗಲಿಲ್ಲ.
ಸಿಟ್ಟಿನ ಮಾತನ್ನೂ ದುಂಡಗ ಬರದೆ.
ಬ್ಯಾರೆ ಬರಿಯಾಕ ಬರೂದಿಲ್ಲ ನನಗ.

ಸೋಮವಾರ. ಬಜಾರದ ತುಂಬ ಶಟರ್.
ಬ್ಯಾನರ್ ಮೆರವಣಿಗ್ಯಾಗ ಹೋದ್ವು,
ನಾ ಬ್ರಷ್ ತೊಳಿಯಾಕ ಕುಂತೆ.
ಟರ್ಪಂಟೈನ್ ತಳಾ ಕಂಡಿತ್ತು.
ತೊಳೀಲಿಲ್ಲಂದ್ರ ಸಂಜಿಗೆ ಎಲ್ಲಾ ಕಟಗಿ.
ತೆರದ ಅಂಗಡಿ ಎಲ್ಲೈತಿ?
ಎಲ್ಲಾ ಮುಚ್ಚರಿ ಅಂತ ಬರದಾಂವ ನಾನ.

ಎಣ್ಣಿಯವರ ಹಾರ್ಡ್‌ವೇರ್ ಶಟರ್ ಬಡದೆ.
"ಯಾಂವಾ?"
"ನಾನ್ರೀ, ಬ್ಯಾನರ್‌ನಾಂವ."
ಒಳಗ ಡಬ್ಬಿ ಸರದ ಸಪ್ಪಳ.
ಒಂದು ಗೇಣು ಎದ್ದಿತು ಶಟರ್.
ಕೆಳಗಿಂದ ಒಂದು ಕೈ, ಕೈಯಾಗ ಬಾಟ್ಲಿ.
ಬಗ್ಗಿ ರೊಕ್ಕಾ ಚಾಚಿದೆ.
"ತಲಿ ಐತಿಲ್ಲೋ? ಇವತ್ತ ಬಂದ್ ಐತಿ,
ವ್ಯಾಪಾರ ಮಾಡೂದಿಲ್ಲ. ನಾಳೆ ತಂದು ಕೊಡು."
ಧಡ್ ಅಂತ ಇಳೀತು.

ಮನೀಗೆ ಬಂದು ಒಂಬತ್ತೂ ಬ್ರಷ್ ತೊಳದೆ.
ಕೆಂಪು ನೀರು ಗಟಾರ ಹಿಡದು ಹೋತು, ಇಳಿಜಾರು ಇದ್ದತ್ತ.
ಒಳಗ ಶಮೀಮಳ ಫೋನ್ ಹೊಡಕೊಂತು.
ಎರಡು ಸಲ ಹೊಡಕೊಂತು.
ಬ್ರಷ್ ಕೂದಲಾ ಬೆರಳಿನ್ಯಾಗ ಹಿಂಡಿ, ನೆಟ್ಟಗ ಮಾಡಿ
ಬಿಸಲಿಗೆ ಇಟ್ಟೆ.